ಹಲಸೂರಿನಿಂದ ಹೊಸಕೋಟೆಗೆ: ಹಕ್ಕಿ, ಕೆರೆ, ಕಲ್ಲುಗಳೊಡನೆ ಒಂದು ದಿನ



ನಮ್ಮ ಸಂವಾದ ಕಾರ್ಯಕ್ರಮದಲ್ಲಿ ಪಕ್ಷಿವೀಕ್ಷಣೆಯ ಮಾತು ಬಂದಾಗಲೆಲ್ಲ ನಿಮ್ಮಲ್ಲಿ ಹಲವರು ಕೇಳುವ ಪ್ರಶ್ನೆ ಒಂದೇ: “ಹಕ್ಕಿ ನೋಡಬೇಕಾದರೆ ಕಾಡಿಗೇ ಹೋಗಬೇಕಲ್ಲವೇ? ಶಿವಾಜಿನಗರದಲ್ಲಿ, ಇಂದಿರಾನಗರದಲ್ಲಿ ಇರುವ ನಮಗೆ ಅದು ಸಾಧ್ಯವೇ?” ಸಾಧ್ಯ. ಅದಕ್ಕೆ ರಜೆಯ ಒಂದು ದಿನ, ಒಬ್ಬ ತಿಳಿದ ಮಾರ್ಗದರ್ಶಿ, ಒಂದು ಬುತ್ತಿ, ಒಂದು ಪುಸ್ತಕ, ಒಂದು ಪೆನ್ಸಿಲು ಸಾಕು. ಬೆಂಗಳೂರು ದಂಡು ಪ್ರದೇಶದ ಹಲಸೂರಿನಿಂದ ಹೊರಟು, ಹಳೆಯ ಮದ್ರಾಸು ರಸ್ತೆಯಲ್ಲಿ ಕೃಷ್ಣರಾಜಪುರವನ್ನು ದಾಟಿ, ಹೊಸಕೋಟೆಯ ದೊಡ್ಡ ಕೆರೆಯನ್ನು ಸೇರುವ ಸುಮಾರು 25 ಕಿ.ಮೀ. ದಾರಿ ನಮ್ಮದು.

ಈ ದಾರಿಯಲ್ಲಿ ನೀವು ಹಕ್ಕಿಗಳನ್ನು ನೋಡುತ್ತೀರಿ, ದೇವಾಲಯಗಳನ್ನೂ ನೋಡುತ್ತೀರಿ. ಒಂದು ಜೀವಶಾಸ್ತ್ರದ ಪಾಠ, ಇನ್ನೊಂದು ಚರಿತ್ರೆಯ ಪಾಠ ಎಂದು ಮೊದಲಿಗೆ ತೋರುತ್ತದೆ. ಸಂಜೆಯ ಹೊತ್ತಿಗೆ ಅವೆರಡೂ ಒಂದೇ ಪಾಠವೆಂಬುದು ನಿಮಗೆ ತಿಳಿಯಬೇಕು. ಹಾಗೆ ತಿಳಿದರೆ ಮಾತ್ರ ಪ್ರವಾಸ ಸಾರ್ಥಕ.

ಹೊರಡುವ ಮೊದಲು

ತಿಂಗಳು ನವೆಂಬರಿನಿಂದ ಫೆಬ್ರವರಿಯವರೆಗೆ ಯಾವುದಾದರೂ ಆಗಬಹುದು. ಉತ್ತರದ ಚಳಿನಾಡುಗಳಿಂದ ವಲಸೆ ಬಂದ ಹಕ್ಕಿಗಳು ನಮ್ಮ ಕೆರೆಗಳಲ್ಲಿರುವ ಕಾಲ ಅದು. ಆ ವರ್ಷ ಕೆರೆಯಲ್ಲಿ ನೀರಿದೆಯೇ ಎಂದು ಮೊದಲೇ ವಿಚಾರಿಸಿಕೊಳ್ಳಿ. ನಮ್ಮ ಕೆರೆಗಳು ಮಳೆಯನ್ನು ನಂಬಿದವು.

ಬಟ್ಟೆ ಮಣ್ಣಿನ ಅಥವಾ ಎಲೆಯ ಬಣ್ಣದ್ದಾಗಿರಲಿ. ತಲೆಗೆ ಟೋಪಿ, ಕಾಲಿಗೆ ಷೂ ಇರಲಿ. ಒಬ್ಬ ಮಾರ್ಗದರ್ಶಿಗೆ ಹದಿನೈದು ಜನಕ್ಕಿಂತ ಹೆಚ್ಚು ಬೇಡ. ಹೆಚ್ಚಾದರೆ ಹಿಂದಿನವರಿಗೆ ಮಾತು ಕೇಳಿಸದು, ಮುಂದಿನವರಿಗೆ ಹಕ್ಕಿ ಕಾಣಿಸದು.

ದುರ್ಬೀನು ಇದ್ದರೆ ಅನುಕೂಲ. ಅದರ ಮೇಲೆ 8×40 ಎಂದು ಬರೆದಿರುತ್ತದೆ. ಏನಿದರ ಅರ್ಥ? ಮೊದಲ ಅಂಕಿ ವಸ್ತುವನ್ನು ಎಷ್ಟು ಪಟ್ಟು ಹತ್ತಿರ ತರುತ್ತದೆ ಎಂಬುದನ್ನು ಹೇಳುತ್ತದೆ. 80 ಮೀಟರ್ ದೂರದ ಬಾತು 10 ಮೀಟರಿನಲ್ಲಿ ಕುಳಿತಂತೆ ಕಾಣುತ್ತದೆ. ಎರಡನೆಯದು ಮುಂದಿನ ಮಸೂರದ ವ್ಯಾಸ, ಮಿಲಿಮೀಟರುಗಳಲ್ಲಿ. 40ನ್ನು 8ರಿಂದ ಭಾಗಿಸಿದರೆ 5 ಬರುತ್ತದೆ. ನಿಮ್ಮ ಕಣ್ಣಿಗೆ ತಲುಪುವ ಬೆಳಕಿನ ಕಂಬಿಯ ವ್ಯಾಸ 5 ಮಿ.ಮೀ. ಎಂದಾಯಿತು. ಇದು ದೊಡ್ಡದಾದಷ್ಟೂ ಮುಂಜಾನೆಯ ಮಬ್ಬಿನಲ್ಲಿ ಚಿತ್ರ ತಿಳಿಯಾಗಿರುತ್ತದೆ. ಹೆಚ್ಚು ಪಟ್ಟು ತೋರಿಸುವ ದುರ್ಬೀನೇ ಉತ್ತಮವೆಂದು ತಿಳಿಯಬೇಡಿ. ಪಟ್ಟು ಹೆಚ್ಚಾದಂತೆ ಕೈಯ ನಡುಕವೂ ಅಷ್ಟೇ ಪಟ್ಟು ಹೆಚ್ಚುತ್ತದೆ. ದುರ್ಬೀನು ಇಲ್ಲದಿದ್ದರೂ ಚಿಂತೆಯಿಲ್ಲ. ಗಾತ್ರ, ಕೊಕ್ಕು, ಕಾಲು, ನಡಿಗೆ, ಕೂಗು ಈ ಐದನ್ನು ಬರೆದುಕೊಂಡರೆ ಮುಕ್ಕಾಲು ಪಾಲು ಹಕ್ಕಿಗಳನ್ನು ಗುರುತಿಸಬಹುದು.

ಬೆಳಗ್ಗೆ 6.30: ಹಲಸೂರು ಕೆರೆ

ನೇರಳೆ ಮಾರ್ಗದ ಮೆಟ್ರೋ ರೈಲು ಹಲಸೂರಿನಲ್ಲಿ ನಿಲ್ಲುತ್ತದೆ. ಬೆಳಗಿನ ರೈಲು ಸಿಗುವುದು ತಡವಾದರೆ ಶಾಲೆಯ ಬಸ್ಸಿನಲ್ಲೇ ಬನ್ನಿ. ಹಲಸಿನ ಮರಗಳಿಂದ ಊರಿಗೆ ಈ ಹೆಸರು ಬಂತೆಂದು ಹೇಳುತ್ತಾರೆ. ಶ್ರೀರಂಗಪಟ್ಟಣದಲ್ಲಿದ್ದ ಬ್ರಿಟಿಷ್ ಸೈನ್ಯ 1809ರಲ್ಲಿ ಇಲ್ಲಿಗೆ ಬಂದು ಬೀಡುಬಿಟ್ಟಿತು. ಅಲ್ಲಿಂದ ಬೆಳೆದದ್ದೇ ದಂಡು. 1949ರವರೆಗೆ ದಂಡು ಮತ್ತು ಪೇಟೆ ಎರಡು ಬೇರೆ ಬೇರೆ ಆಡಳಿತಗಳಲ್ಲಿದ್ದವು. ಆ ವರ್ಷ ಒಂದೇ ನಗರಸಭೆಯಾಗಿ ಕೂಡಿಕೊಂಡವು.

ಸುಮಾರು 50 ಹೆಕ್ಟೇರ್ ವಿಸ್ತಾರದ ಈ ಕೆರೆ ಕೆಂಪೇಗೌಡರ ವಂಶದವರ ಕಾಲದ್ದೆಂಬುದು ಪ್ರತೀತಿ. ಈಗಿನ ರೂಪ ಅದಕ್ಕೆ ಬಂದದ್ದು 1862ರಿಂದ 1870ರವರೆಗೆ ಮೈಸೂರಿನ ಕಮಿಷನರ್ ಆಗಿದ್ದ ಲೆವಿನ್ ಬೌರಿಂಗ್ ಅವರ ಕಾಲದಲ್ಲಿ. ಕೆರೆಯ ನಡುವೆ ಮರಗಳಿರುವ ನಡುಗಡ್ಡೆಗಳನ್ನು ನೋಡಿ. ಆ ಮರಗಳ ಮೇಲೆ ರೆಕ್ಕೆ ಹರಡಿಕೊಂಡು ನಿಂತ ಕಪ್ಪು ಹಕ್ಕಿಗಳು ನೀರುಕಾಗೆಗಳು. ಅವು ಹಾಗೇಕೆ ನಿಲ್ಲುತ್ತವೆ? ಬಾತುಕೋಳಿಯ ಗರಿ ನೀರನ್ನು ಒಳಗೆ ಬಿಡುವುದಿಲ್ಲ. ನೀರುಕಾಗೆಯ ಹೊರಗರಿಗಳು ನೀರನ್ನು ಹೀರಿಕೊಳ್ಳುತ್ತವೆ. ಇದರಿಂದ ಅದರ ಮೈ ಭಾರವಾಗಿ ಮೀನಿನ ಬೆನ್ನಟ್ಟಿ ಆಳಕ್ಕೆ ಮುಳುಗುವುದು ಸುಲಭ. ಮೇಲೆ ಬಂದ ಮೇಲೆ ಒಣಗಿಸಿಕೊಳ್ಳಲೇಬೇಕು. ತೇಲುವ ಬಾತಿಗೆ ಬೇಡವಾದ ಗುಣ ಮುಳುಗುವ ನೀರುಕಾಗೆಗೆ ಬೇಕಾದ ಗುಣ.

ದಂಡೆಯ ಅಂಚಿನಲ್ಲಿ ಮಣ್ಣಿನ ಬಣ್ಣದ ಹಕ್ಕಿಯೊಂದು ಕಲ್ಲಿನಂತೆ ಕುಳಿತಿರುತ್ತದೆ. ಹತ್ತಿರ ಹೋದರೆ ಥಟ್ಟನೆ ಬಿಳಿಯ ರೆಕ್ಕೆ ಬಿಚ್ಚಿ ಹಾರುತ್ತದೆ. ಅದು ಕೊಳದ ಬಕ. ಆಕಾಶದಲ್ಲಿ ಸುತ್ತುವ ಹದ್ದುಗಳಲ್ಲಿ ಬಿಳಿಯ ತಲೆ, ಕೆಂಗಂದು ಮೈ ಇರುವುದು ಗರುಡ. ಚಳಿಗಾಲದಲ್ಲಿ ಒಮ್ಮೊಮ್ಮೆ ದೋಣಿಯಂಥ ದೊಡ್ಡ ಕೊಕ್ಕಿನ ಹೆಜ್ಜಾರ್ಲೆಗಳೂ ಇಲ್ಲಿ ತೇಲುತ್ತಿರುತ್ತವೆ.

ಈ ಕೆರೆಯ ಇನ್ನೊಂದು ಮುಖವನ್ನೂ ನೀವು ತಿಳಿಯಬೇಕು. 2016ರ ಮಾರ್ಚ್ ತಿಂಗಳ ಒಂದು ಬೆಳಗ್ಗೆ ಇಲ್ಲಿ ಸಾವಿರಾರು ಮೀನುಗಳು ಸತ್ತು ತೇಲಿದ್ದವು. ಕಾರಣವನ್ನು ವಿಜ್ಞಾನದ ವಿದ್ಯಾರ್ಥಿಗಳು ತಾವೇ ಊಹಿಸಬಲ್ಲರು. ಒಂದು ಲೀಟರ್ ಗಾಳಿಯಲ್ಲಿ ಸುಮಾರು 270 ಮಿಲಿಗ್ರಾಂ ಆಮ್ಲಜನಕವಿರುತ್ತದೆ. 25 ಡಿಗ್ರಿ ಸೆಲ್ಸಿಯಸ್ ಉಷ್ಣತೆಯ ಒಂದು ಲೀಟರ್ ನೀರಿನಲ್ಲಿ ಹೆಚ್ಚೆಂದರೆ 8 ಮಿಲಿಗ್ರಾಂ. ನೀರು ಕಾದಷ್ಟೂ ಅದು ಇನ್ನೂ ಕಡಿಮೆಯಾಗುತ್ತದೆ. ಚರಂಡಿ ನೀರು ಸೇರಿದಾಗ ಅದರ ಕೊಳೆಯನ್ನು ಕರಗಿಸುವ ಬ್ಯಾಕ್ಟೀರಿಯಾಗಳು ಈ ಅಲ್ಪ ಆಮ್ಲಜನಕವನ್ನೇ ಬಳಸಿಕೊಳ್ಳುತ್ತವೆ. ಪಾಚಿ ಹಗಲಲ್ಲಿ ಆಮ್ಲಜನಕ ಕೊಡುತ್ತದೆ, ರಾತ್ರಿ ಅದೂ ಉಸಿರಾಡುತ್ತದೆ. ಆದ್ದರಿಂದ ಕೆರೆಯಲ್ಲಿ ಆಮ್ಲಜನಕ ಅತ್ಯಂತ ಕಡಿಮೆ ಇರುವ ಹೊತ್ತು ಬೆಳಗಿನ ಜಾವ. ಮೀನುಗಳು ಸಾಯುವುದು ಬಹುಮಟ್ಟಿಗೆ ಆಗಲೇ. ನೀರು ಹಸಿರಾಗಿ ಚೆನ್ನಾಗಿಯೇ ಕಾಣುತ್ತಿರಬಹುದು, ಒಳಗೆ ಉಸಿರು ಕಟ್ಟುತ್ತಿರುತ್ತದೆ.

ಬೆಳಗ್ಗೆ 8: ಸೋಮೇಶ್ವರನ ಸನ್ನಿಧಿ

ಕೆರೆಯಿಂದ ನಡೆದೇ ಹಲಸೂರಿನ ಸೋಮೇಶ್ವರ ದೇವಾಲಯಕ್ಕೆ ಬನ್ನಿ. ಚೋಳರ ಕಾಲದಿಂದಲೂ ಇದ್ದುದೆಂದು ಹೇಳಲಾಗುವ ಈ ಗುಡಿಗೆ ವಿಜಯನಗರದ ಕೊನೆಗಾಲದಲ್ಲಿ, ಕೆಂಪೇಗೌಡರ ವಂಶದವರ ಆಶ್ರಯದಲ್ಲಿ, ದೊಡ್ಡ ಮಂಟಪಗಳು ಸೇರಿದವು. ರಾವಣನು ಕೈಲಾಸವನ್ನು ಎತ್ತುವುದನ್ನೂ ಗಿರಿಜಾ ಕಲ್ಯಾಣವನ್ನೂ ಕಲ್ಲಿನಲ್ಲಿ ಹುಡುಕಿ. ಜೊತೆಗೆ ನಿಮ್ಮ ಪುಸ್ತಕದಲ್ಲಿ ಒಂದು ಹೊಸ ಪಟ್ಟಿ ಆರಂಭಿಸಿ: “ಕಲ್ಲಿನ ಹಕ್ಕಿಗಳು”. ಕಂಬ, ಗೋಡೆ, ಗೋಪುರಗಳಲ್ಲಿ ಎಲ್ಲೆಲ್ಲಿ ಹಂಸ, ಗಿಳಿ, ನವಿಲು, ಗರುಡ ಇವೆ ಎಂದು ಹುಡುಕಿ ಬರೆಯಿರಿ. ನಮ್ಮ ಗುಡಿಗಳಲ್ಲಿ ಕಾಣುವ ಹಂಸವೆಂದರೆ ಹಿಮಾಲಯವನ್ನು ದಾಟಿ ಬರುವ ಪಟ್ಟೆತಲೆ ಹೆಬ್ಬಾತೇ ಇರಬೇಕೆಂದು ವಾದಿಸಿದ ವಿದ್ವಾಂಸರಿದ್ದಾರೆ. ಈ ಹೆಬ್ಬಾತು 7,000 ಮೀಟರಿಗೂ ಮೇಲೆ ಹಾರುವುದು ಉಪಕರಣಗಳಿಂದ ದಾಖಲಾಗಿದೆ. ಮಾನಸ ಸರೋವರದ ಹಂಸವೆಂಬ ಕವಿಕಲ್ಪನೆಯ ಹಿಂದೆ ಯಾರೋ ಆಕಾಶವನ್ನು ಗಮನಿಸಿ ನೋಡಿದ್ದರೆಂದು ನನಗೆ ಅನಿಸುತ್ತದೆ.

ಇಂದಿರಾನಗರದ ಮಾಯವಾದ ನೀರು

ಉಪಾಹಾರ ಮುಗಿಸಿ ಬಸ್ಸು ಪೂರ್ವಕ್ಕೆ ಹೊರಟಿತೆನ್ನಿ. ಬಲಕ್ಕೆ ಇಂದಿರಾನಗರ. ಇದರ ಒಂದು ಭಾಗದ ಹಳೆಯ ಹೆಸರು ಬಿನ್ನಮಂಗಲ. ಪಕ್ಕದ ದೊಮ್ಮಲೂರಿನ ಚೊಕ್ಕನಾಥಸ್ವಾಮಿ ದೇವಾಲಯದಲ್ಲಿರುವ ಹಳೆಯ ತಮಿಳು ಶಾಸನವೊಂದು ವಿಣ್ಣಮಂಗಲದ ಕೆರೆಯ ಆದಾಯವನ್ನು ದೇವರಿಗೆ ಬಿಟ್ಟುಕೊಟ್ಟ ಸಂಗತಿಯನ್ನು ಹೇಳುತ್ತದೆ. ಎರಡು ಹೆಸರುಗಳ ಹೋಲಿಕೆಯನ್ನು ಗಮನಿಸಿ. ಕನ್ನಡನಾಡಿನಲ್ಲಿ ತಮಿಳು ಶಾಸನವೇ ಎಂದು ಆಶ್ಚರ್ಯಪಡಬೇಡಿ. ಬೆಂಗಳೂರಿನ ಪೂರ್ವಭಾಗ ಒಂದು ಕಾಲಕ್ಕೆ ಚೋಳರ ಆಳ್ವಿಕೆಯಲ್ಲಿತ್ತು, ಅನಂತರ ಹೊಯ್ಸಳರ ಕೈಸೇರಿತು. ಶಾಸನ ಬರೆಸಿದವರ ಭಾಷೆ ಯಾವುದೇ ಇರಲಿ, ಅವರು ಕಾಪಾಡಬಯಸಿದ್ದು ಕೆರೆಯನ್ನು.

ಈ ಶಾಸನಗಳು ನಮಗೆ ದೊರೆತದ್ದು ಹೇಗೆ? ಬೆಂಜಮಿನ್ ಲೂಯಿಸ್ ರೈಸ್ ಅವರು ಮೈಸೂರು ಸಂಸ್ಥಾನದ ಊರೂರು ಸುತ್ತಿಸಿ ಶಾಸನಗಳನ್ನು ಓದಿಸಿ ‘ಎಪಿಗ್ರಾಫಿಯಾ ಕರ್ನಾಟಿಕಾ’ ಸಂಪುಟಗಳನ್ನು ಹೊರತಂದರು. ಬೆಂಗಳೂರು ಜಿಲ್ಲೆಯ ಸಂಪುಟ ಪ್ರಕಟವಾದದ್ದು 1905ರಲ್ಲಿ. ಆ ಸಂಪುಟಗಳನ್ನು ತಿರುವಿಹಾಕಿದರೆ “ಕೆರೆ”, “ತೂಬು”, “ಕೆರೆಯ ಕೆಳಗಿನ ಗದ್ದೆ” ಎಂಬ ಮಾತುಗಳು ಮತ್ತೆ ಮತ್ತೆ ಬರುತ್ತವೆ. ಇದು ಆಕಸ್ಮಿಕವಲ್ಲ.

ಭೂಪಟ ಬಿಡಿಸಿ ನೋಡಿ. ಬೆಂಗಳೂರು ಸಮುದ್ರಮಟ್ಟದಿಂದ 900 ಮೀಟರಿಗೂ ಹೆಚ್ಚು ಎತ್ತರದ ದಿಣ್ಣೆಯ ಮೇಲಿದೆ. ದಿಣ್ಣೆಯ ಪಶ್ಚಿಮಕ್ಕೆ ಬಿದ್ದ ಮಳೆ ಅರ್ಕಾವತಿಯ ಮೂಲಕ ಕಾವೇರಿಯನ್ನು ಸೇರುತ್ತದೆ. ಪೂರ್ವಕ್ಕೆ ಬಿದ್ದದ್ದು ದಕ್ಷಿಣ ಪಿನಾಕಿನಿಯ ಪಾಲು. ಊರಿನ ನಡುವೆ ದೊಡ್ಡ ಹೊಳೆಯಿಲ್ಲ, ಪ್ರಕೃತಿ ತಾನಾಗಿ ಮಾಡಿದ ಸರೋವರ ಒಂದೂ ಇಲ್ಲ. ಇಲ್ಲಿ ಜನ ನೆಲೆಸಬೇಕಾದರೆ ಇಳಿಜಾರಿನಲ್ಲಿ ಓಡುವ ಮಳೆನೀರನ್ನು ಅಡ್ಡಗಟ್ಟಲೇಬೇಕಿತ್ತು. ಒಂದು ಕೆರೆ ತುಂಬಿ ಕೋಡಿ ಬಿದ್ದರೆ ಆ ನೀರು ಕೆಳಗಿನ ಕೆರೆಗೆ, ಅದು ತುಂಬಿದರೆ ಇನ್ನೂ ಕೆಳಗಿನದಕ್ಕೆ. ಹೀಗೆ ಸರಪಳಿ. 1860ರ ದಶಕದಲ್ಲಿ ಮೈಸೂರು ಸಂಸ್ಥಾನದ ಮುಖ್ಯ ಎಂಜಿನಿಯರ್ ಆಗಿದ್ದ ಸ್ಯಾಂಕಿ ಅವರು, ಈ ಸೀಮೆಯಲ್ಲಿ ಹೊಸ ಕೆರೆಗೆ ಜಾಗ ಹುಡುಕುವುದೇ ಜಾಣತನದ ಕೆಲಸವೆಂಬ ಅರ್ಥದಲ್ಲಿ ಬರೆದರು. ಅಷ್ಟು ಒತ್ತಾಗಿ ನಮ್ಮ ಹಿರಿಯರು ಕೆರೆಗಳನ್ನು ಕಟ್ಟಿದ್ದರು.

ಈಗ ಬೆಳಗಿನ ನೀರುಕಾಗೆಯನ್ನು ನೆನಪಿಸಿಕೊಳ್ಳಿ. ಅದು ಕುಳಿತಿದ್ದ ಕೆರೆ ಮನುಷ್ಯರು ಕಟ್ಟಿದ್ದು. ಈ ಸೀಮೆಯಲ್ಲಿ ನೀರಿನ ಮೇಲೆ ನೀವು ಕಾಣುವ ಹಕ್ಕಿಗಳೆಲ್ಲ ಹಳ್ಳಿಯವರ ದುಡಿಮೆಯ ಅತಿಥಿಗಳು. ಇಂದಿನ ದಿನದ ಮುಖ್ಯ ಮಾತು ಇದೇ.

ಕೆರೆಯನ್ನು ಕಟ್ಟಿದ್ದರೆ ಸಾಲದು, ಪ್ರತಿ ವರ್ಷ ಉಳಿಸಿಕೊಳ್ಳಬೇಕು. ಮಳೆ ಮಣ್ಣನ್ನು ತಂದು ಹೂಳು ತುಂಬಿಸುತ್ತದೆ, ಇಲಿ ಏಡಿಗಳು ಏರಿಯನ್ನು ಕೊರೆಯುತ್ತವೆ, ತೂಬಿನ ಕಲ್ಲು ಸಡಿಲವಾಗುತ್ತದೆ. ಇದಕ್ಕೆಂದೇ ಹಿಂದಿನವರು ಭೂಮಿಯನ್ನು ಬಿಡುತ್ತಿದ್ದರು. ಬಿತ್ತುವಟ್ಟ, ಕಟ್ಟುಕೊಡಗೆ ಎಂಬ ಶಾಸನದ ಮಾತುಗಳು ಇಂಥ ದತ್ತಿಗಳ ಹೆಸರು. ಹೂಳು ಹೊರುವ ಕೆರೆಬಂಡಿಗೆ ದತ್ತಿ ಇತ್ತು. ಯಾರ ಗದ್ದೆಗೆ ಎಷ್ಟು ಹೊತ್ತು ನೀರು ಎಂದು ನೋಡಿಕೊಳ್ಳುವ ನೀರುಗಂಟಿ ಇದ್ದ. ಕೆರೆ ಕಟ್ಟಿಸುವುದನ್ನು ಸಪ್ತಸಂತಾನಗಳಲ್ಲಿ ಒಂದೆಂದು, ಮಗನನ್ನು ಪಡೆದಷ್ಟೇ ಪುಣ್ಯವೆಂದು ಎಣಿಸಿದರು. ನಿಮ್ಮ ಪಠ್ಯದಲ್ಲಿ ಓದಿರಬಹುದಾದ ‘ಕೆರೆಗೆ ಹಾರ’ ಎಂಬ ಜನಪದ ಕಥನಗೀತೆ ಈ ಚರಿತ್ರೆಯ ದುಃಖದ ಭಾಗ. ನೀರು ಬಾರದ ಕೆರೆಗೆ ಸೊಸೆ ಭಾಗೀರಥಿಯನ್ನು ಬಲಿಕೊಟ್ಟ ಕಥೆ ಅದು. ನೀರಿಗಾಗಿ ಜನ ಪಟ್ಟ ಪಾಡನ್ನೂ, ಆ ಪಾಡಿನ ಭಾರ ಯಾರ ತಲೆಯ ಮೇಲೆ ಬಿತ್ತು ಎಂಬುದನ್ನೂ ಅದು ಒಟ್ಟಿಗೆ ಹೇಳುತ್ತದೆ.

ಹಾಗಾದರೆ ನಗರದ ಕೆರೆಗಳು ಏಕೆ ಹೋದವು? 1890ರ ದಶಕದಲ್ಲಿ ಹೆಸರಘಟ್ಟದಿಂದ ಕೊಳವೆಯಲ್ಲಿ ನೀರು ಬಂತು. 1974ರಲ್ಲಿ ಕಾವೇರಿ ಬಂದಳು. ಕುಡಿಯುವ ನೀರು ದೂರದಿಂದ ಬರತೊಡಗಿದ ಮೇಲೆ ಊರಿನ ಕೆರೆಯನ್ನು ಕಾಯುವವರು ಕಡಿಮೆಯಾದರು. ಧರ್ಮಾಂಬುಧಿ ಕೆರೆ ಇದ್ದೆಡೆ ಇಂದು ಕೆಂಪೇಗೌಡ ಬಸ್ ನಿಲ್ದಾಣವಿದೆ. ಸಂಪಂಗಿ ಕೆರೆಯ ಮೇಲೆ ಕಂಠೀರವ ಕ್ರೀಡಾಂಗಣ ಎದ್ದಿತು. ಅಲ್ಲಿ ಒಂದು ಪುಟ್ಟ ಕೊಳ ಮಾತ್ರ ಉಳಿದಿದೆ, ಅದೂ ಕರಗದ ಆಚರಣೆಗೆ ಬೇಕೆಂದು. ಗಮನಿಸಿ, ಆ ಕೆರೆಯಲ್ಲಿ ಉಳಿದಷ್ಟು ನೀರನ್ನು ಉಳಿಸಿದ್ದು ಒಂದು ಹಬ್ಬ.

ಕೃಷ್ಣರಾಜಪುರದಿಂದ ಮುಂದಕ್ಕೆ

ಟಿನ್ ಫ್ಯಾಕ್ಟರಿ ದಾಟಿ 2003ರಲ್ಲಿ ತೆರೆದ ಕೃಷ್ಣರಾಜಪುರದ ತೂಗುಸೇತುವೆಯನ್ನು ಹಾದು ಬಸ್ಸು ಮುಂದೆ ಸಾಗುತ್ತದೆ. ಊರು ತೆಳುವಾಗತೊಡಗಿದಂತೆ ಕಿಟಕಿಯಿಂದ ತಂತಿಗಳನ್ನು ನೋಡುತ್ತಾ ಬನ್ನಿ. ಕವಲು ಬಾಲದ ಕರಿಯ ಕಾಜಾಣ, ಹಸಿರು ಕಳ್ಳಿಪೀರ, ಹಾರಿದಾಗ ನೀಲಿಯ ಮಿಂಚು ತೋರುವ ನಮ್ಮ ನಾಡಹಕ್ಕಿ ನೀಲಕಂಠ, ಇವು ಮೂರೂ ತಂತಿಯನ್ನು ಇಷ್ಟಪಡುವ ಬೇಟೆಗಾರ ಹಕ್ಕಿಗಳು. ಎತ್ತರದಲ್ಲಿ ಕುಳಿತು ಕೀಟಕ್ಕೆ ಕಾಯುವುದು ಅವುಗಳ ಕ್ರಮ.

ಹೊಸಕೋಟೆಯ ಹಾದಿಯಲ್ಲಿ ಎಲೆ ಮಲ್ಲಪ್ಪ ಶೆಟ್ಟಿ ಕೆರೆ ಸಿಗುತ್ತದೆ. ವೀಳ್ಯದೆಲೆಯ ವ್ಯಾಪಾರದಿಂದ ಸಿರಿವಂತರಾದ ಮಲ್ಲಪ್ಪ ಶೆಟ್ಟರು 19ನೆಯ ಶತಮಾನದಲ್ಲಿ ಕಟ್ಟಿಸಿದ ಕೆರೆಯಿದು. ಕೆರೆ ಕಟ್ಟಿಸಿದವರು ಅರಸರು, ಪಾಳೆಯಗಾರರು ಮಾತ್ರ ಎಂದು ತಿಳಿಯದಿರಲೆಂದು ಇದನ್ನು ಹೇಳಿದೆ. ಎಲೆ ಮಾರಿ ಗಳಿಸಿದ ಹಣ ನೀರಾಗಿ ನಿಂತಿತು.

ಮಧ್ಯಾಹ್ನ: ಹೊಸಕೋಟೆ

ಹೊಸಕೋಟೆ ಎಂದರೆ ಹೊಸ ಕೋಟೆಯೇ. ಸುಗಟೂರಿನ ಪಾಳೆಯಗಾರ ತಮ್ಮೇಗೌಡ 1595ರ ಸುಮಾರಿಗೆ ಇದನ್ನು ಕಟ್ಟಿಸಿದ. ಮೊದಲ ಆಂಗ್ಲೋ-ಮೈಸೂರು ಯುದ್ಧದ ಕಾಲದಲ್ಲಿ, 1768ರ ಆಗಸ್ಟ್ 22ರ ರಾತ್ರಿ, ಇಲ್ಲಿ ಬೀಡುಬಿಟ್ಟಿದ್ದ ಮುರಾರಿರಾಯನ ಮರಾಠಾ ಪಾಳೆಯದ ಮೇಲೆ ಹೈದರಾಲಿಯ ಸೇನೆ ಎರಗಿತು. ಪಾಳೆಯಗಾರರ ಕಾಲದ ಅವಿಮುಕ್ತೇಶ್ವರ ದೇವಾಲಯವನ್ನು ನೋಡಿ, ಕಲ್ಲಿನ ಹಕ್ಕಿಗಳ ಪಟ್ಟಿಯನ್ನು ಮುಂದುವರಿಸಿ. ಎಲ್ಲಾದರೂ ನೆರಳಿನಲ್ಲಿ ಕುಳಿತು ಬುತ್ತಿ ಬಿಚ್ಚಿ. ಬಿಸಿಲೇರಿದ ಹೊತ್ತಿನಲ್ಲಿ ಹಕ್ಕಿಗಳೂ ವಿಶ್ರಮಿಸುತ್ತವೆ.

ಸಂಜೆ 3.30: ದೊಡ್ಡ ಕೆರೆಯ ಏರಿ

ನಂದಿಬೆಟ್ಟದ ಸಾಲಿನಲ್ಲಿ ಹುಟ್ಟಿ ತಮಿಳುನಾಡನ್ನು ಹಾದು ಬಂಗಾಳ ಕೊಲ್ಲಿಯನ್ನು ಸೇರುವ ದಕ್ಷಿಣ ಪಿನಾಕಿನಿ ಈ ಕೆರೆಯನ್ನು ತುಂಬುತ್ತದೆ. ಏರಿಯ ಉದ್ದ ಎರಡು ಮೈಲಿ ಎಂದು ಹಳೆಯ ಗೆಜೆಟಿಯರುಗಳು ಹೇಳುತ್ತವೆ. ಹಲಸೂರಿನ ಕೆರೆಯ ಹೆಚ್ಚಿನ ನೀರು ಬೆಳ್ಳಂದೂರು, ವರ್ತೂರುಗಳ ಮೂಲಕ ಕೊನೆಗೆ ಸೇರುವುದೂ ಇದೇ ನದಿಯನ್ನು. ಬೆಳಿಗ್ಗೆ ನೋಡಿದ ಕೆರೆ, ಸಂಜೆ ನೋಡುವ ಕೆರೆ ಎರಡೂ ಒಂದೇ ಕುಟುಂಬದವು.

ಸೂರ್ಯ ನಿಮ್ಮ ಬೆನ್ನಿಗಿರುವಂತೆ ನಿಲ್ಲಿ. ಎದುರು ಬೆಳಕಿನಲ್ಲಿ ಎಲ್ಲ ಬಾತುಗಳೂ ಕರಿಯ ಬಾತುಗಳೇ. ಈಗ ಹಕ್ಕಿಯನ್ನು ಒಂದೊಂದಾಗಿ ನೋಡುವ ಬದಲು ಕೆರೆಯನ್ನು ಆಳದಿಂದ ದಡದವರೆಗೆ ಪಟ್ಟಿ ಪಟ್ಟಿಯಾಗಿ ನೋಡೋಣ.

ಏರಿಯ ಹತ್ತಿರ ನೀರು ಆಳ. ಅಲ್ಲಿ ಮುಳುಗುವವರ ರಾಜ್ಯ: ನೀರುಕಾಗೆ, ಕತ್ತು ಮಾತ್ರ ಹಾವಿನಂತೆ ಮೇಲೆ ಕಾಣುವ ಹಾವಕ್ಕಿ, ಹೆಸರಿನಲ್ಲೇ ಮುಳುಗುವ ಸದ್ದಿರುವ ಗುಳುಮುಳುಕ. ಸ್ವಲ್ಪ ಆಚೆ, ಮೊಣಕಾಲುದ್ದದ ನೀರಿನಲ್ಲಿ ಬಾತುಗಳು ತಲೆಕೆಳಗಾಗಿ ಬಾಲವನ್ನು ಮೇಲೆತ್ತಿ ಮೇಯುತ್ತವೆ. ಸೂಜಿಬಾಲದ ಬಾತಿನ ಕತ್ತು ಉದ್ದ, ಆದ್ದರಿಂದ ಅದು ಹೆಚ್ಚು ಆಳವನ್ನು ಮುಟ್ಟುತ್ತದೆ. ಚಲುಕ ಬಾತು ಸಲಿಕೆಯಂಥ ಕೊಕ್ಕನ್ನು ನೀರಿನ ಮೇಲೇ ಆಡಿಸುತ್ತಾ ಸಾಗುತ್ತದೆ. ಕೊಕ್ಕಿನ ಅಂಚಿನಲ್ಲಿ ಬಾಚಣಿಗೆಯಂಥ ಹಲ್ಲುಗಳಿದ್ದು, ನೀರು ಹೊರಹೋಗಿ ಸಣ್ಣ ಜೀವಿಗಳು ಒಳಗುಳಿಯುತ್ತವೆ. ಒಂದೇ ಕೆರೆಯಲ್ಲಿ ಜಗಳವಿಲ್ಲದೆ ಹಲವರ ಊಟ ಸಾಗುವುದು ಹೀಗೆ. ಇವುಗಳ ನಡುವೆ ನೂರಾರು ಕರಿಯ ಹಕ್ಕಿಗಳು ಹಣೆಯಲ್ಲಿ ಬಿಳಿಯ ಗುರುತಿಟ್ಟುಕೊಂಡು ತೇಲುತ್ತಿರಬಹುದು. ನಮ್ಮವರು ಅದಕ್ಕಿಟ್ಟ ಹೆಸರು ನಾಮದ ಕೋಳಿ! ಒಮ್ಮೆ ಕೇಳಿದರೆ ಮತ್ತೆ ಮರೆಯದ ಹೆಸರು.

ಇನ್ನೂ ಆಚೆ, ಕೆರೆಯಂಗಳದ ಅಂಚಿನಲ್ಲಿ ಗೇಣುದ್ದ ನೀರಿನಲ್ಲಿ ಬಣ್ಣದ ಕೊಕ್ಕರೆಗಳು ಕೊಕ್ಕನ್ನು ಅರೆತೆರೆದು ನೀರಿನಲ್ಲಿ ಬೀಸುತ್ತಾ ನಡೆಯುತ್ತವೆ. ಅವು ಮೀನನ್ನು ಕಣ್ಣಿನಿಂದ ಹುಡುಕುವುದಕ್ಕಿಂತ ಕೊಕ್ಕಿನ ಸ್ಪರ್ಶದಿಂದಲೇ ಹೆಚ್ಚಾಗಿ ಹಿಡಿಯುತ್ತವೆ. ಗುಲಾಬಿ ಕಾಲಿನ ಮೆಟ್ಟುಗಾಲು ಹಕ್ಕಿ ಅಲ್ಲಿಯೇ ಇರುತ್ತದೆ. ಕೊನೆಯ ಪಟ್ಟಿ ಬರಿಯ ಕೆಸರು. ಗದ್ದೆಗೊರವಗಳು, ಬಾಲ ಕುಣಿಸುವ ಸಿಪಿಲೆಗಳು, ಪಂಚತಂತ್ರದ ಕಥೆಯಲ್ಲಿ ಸಮುದ್ರಕ್ಕೇ ಸವಾಲೆಸೆದ ಟಿಟ್ಟಿಭ, ಇವು ಅಲ್ಲಿಯ ಗಿರಾಕಿಗಳು.

ಈ ಕೆಸರಿನ ಪಟ್ಟಿ ಎಷ್ಟು ಮುಖ್ಯವೆಂದು ಒಂದು ಸಣ್ಣ ಲೆಕ್ಕದಿಂದ ನೋಡಿ. ಕೆರೆಯಂಗಳ ನೂರು ಮೀಟರಿಗೆ ಒಂದು ಮೀಟರಿನಂತೆ ಇಳಿಜಾರಾಗಿದೆಯೆನ್ನಿ. ನೀರಿನ ಮಟ್ಟ 10 ಸೆಂಟಿಮೀಟರ್ ಇಳಿದರೆ 10 ಮೀಟರ್ ಅಗಲದ ಹೊಸ ಕೆಸರು ಹೊರಬರುತ್ತದೆ. ಹುಳು ಹುಪ್ಪಟೆಗಳಿಂದ ತುಂಬಿದ ಆ ಕೆಸರು ದೂರದಿಂದ ಬಂದ ಹಕ್ಕಿಗೆ ಹೊಸದಾಗಿ ಬಡಿಸಿದ ಎಲೆ. ಅದೇ ಕೆರೆಯನ್ನು ಬಟ್ಟಲಿನಂತೆ ತೋಡಿ, ಸುತ್ತ ಕಡಿದಾದ ಕಲ್ಲಿನ ಕಟ್ಟೆ ಕಟ್ಟಿದರೆ? ನೀರು ಒಂದು ಮೀಟರ್ ಇಳಿದರೂ ಕೆಸರು ಹೊರಬರುವುದಿಲ್ಲ. ನೋಡಲು ಅಚ್ಚುಕಟ್ಟು, ವಾಯುವಿಹಾರಕ್ಕೆ ಅನುಕೂಲ. ಆದರೆ ಮುಳುಗುವ ಹಕ್ಕಿ ಉಳಿದು ನಡೆಯುವ ಹಕ್ಕಿ ಹೊರಟುಹೋಗುತ್ತದೆ. ಕೆರೆಯನ್ನು ಉಳಿಸಿದೆವೆಂದು ನಾವು ಹೇಳುವಾಗ ಯಾವುದನ್ನು ಉಳಿಸಿದೆವು ಎಂದೂ ಕೇಳಿಕೊಳ್ಳಬೇಕು.

ನನ್ನ ಒಂದು ತಪ್ಪು

ಮಿತ್ರರೇ, ಇಲ್ಲಿ ನನ್ನದೇ ಒಂದು ಮಾತು ಹೇಳಬೇಕು. ನಾನು ಕೆಲಸಕ್ಕೆ ಸೇರಿದ ಹೊಸತರಲ್ಲಿ ಕೆರೆಯೊಂದರಲ್ಲಿ ಬಾತುಗಳ ಚಿತ್ರೀಕರಣಕ್ಕೆ ಹೋಗಿದ್ದೆವು. ದೂರದಿಂದ ತೆಗೆದ ಚಿತ್ರ ನನಗೆ ಸಪ್ಪೆಯೆನಿಸಿತು. ಹತ್ತಿರ ಹೋಗೋಣವೆಂದು ಕ್ಯಾಮೆರಾದವರನ್ನು ನಾನೇ ಒತ್ತಾಯಿಸಿದೆ. ಅವರು ಬೇಡವೆಂದರು, ನಾನು ಕೇಳಲಿಲ್ಲ. ಕೆಸರಿನಲ್ಲಿ ಇಪ್ಪತ್ತು ಹೆಜ್ಜೆ ಇಟ್ಟಿರಬೇಕು, ಇಡೀ ಹಿಂಡು ಒಂದೇ ಸದ್ದಿನಲ್ಲಿ ಎದ್ದಿತು. ಎರಡು ಸುತ್ತು ಹಾಕಿ ಕಣ್ಮರೆಯಾಯಿತು. ಕತ್ತಲಾಗುವವರೆಗೆ ಕಾದರೂ ಮರಳಿ ಬರಲಿಲ್ಲ.

ಏರಿಯ ಮೇಲೆ ಎಮ್ಮೆ ಮೇಯಿಸುತ್ತಿದ್ದ ಹಿರಿಯರೊಬ್ಬರು ನಮ್ಮನ್ನೇ ನೋಡುತ್ತಿದ್ದರು. ಬೈಯಲಿಲ್ಲ. “ಊಟಕ್ಕೆ ಕೂತಿದ್ದವು ಸ್ವಾಮಿ, ಎಬ್ಬಿಸಿಬಿಟ್ರಿ” ಎಂದರು, ಅಷ್ಟೇ.

ಆ ದೃಶ್ಯ ಪ್ರಸಾರವಾಯಿತು. ಹಿಂಡು ಒಟ್ಟಿಗೆ ಏಳುವ ನೋಟ ಬಹಳ ಚೆನ್ನಾಗಿದೆಯೆಂದು ಪತ್ರಗಳೂ ಬಂದವು. ಅವನ್ನು ಓದುವಾಗಲೆಲ್ಲ ಆ ಮಾತು ಕಿವಿಯಲ್ಲಿತ್ತು. ವಿಜ್ಞಾನ ಓದಿದ ನನಗೆ ಲೆಕ್ಕ ಗೊತ್ತಿರಬೇಕಿತ್ತು. ವಲಸೆಯ ಬಾತು ಸಾವಿರಾರು ಕಿಲೋಮೀಟರ್ ಹಾರಿ ಬರುವುದು ಮೈಯಲ್ಲಿ ಕೂಡಿಟ್ಟ ಕೊಬ್ಬನ್ನು ಉರಿಸಿ. ಇಲ್ಲಿ ಮೇಯುವ ಪ್ರತಿ ಗಂಟೆಯೂ ಮರುಪ್ರಯಾಣದ ಇಂಧನ. ತೇಲುವುದಕ್ಕಿಂತ ನೀರಿನಿಂದ ಮೇಲೇಳುವುದಕ್ಕೆ ಹಲವು ಪಟ್ಟು ಹೆಚ್ಚು ಶಕ್ತಿ ಬೇಕು. ನನ್ನ ಒಂದು ದೃಶ್ಯಕ್ಕಾಗಿ ಇಡೀ ಹಿಂಡು ಆ ಸಂಜೆಯ ಇಂಧನವನ್ನು ಕಳೆದುಕೊಂಡಿತು. ಅಂದಿನಿಂದ ನಮ್ಮ ತಂಡಕ್ಕೆ ಒಂದೇ ನಿಯಮ: ಹಕ್ಕಿ ಮೇಯುವುದನ್ನು ನಿಲ್ಲಿಸಿ ತಲೆಯೆತ್ತಿದರೆ ನಾವು ನಿಂತಲ್ಲೇ ನಿಲ್ಲುತ್ತೇವೆ. ಮತ್ತೆ ತಲೆ ತಗ್ಗಿಸದಿದ್ದರೆ ಹಿಂದಕ್ಕೆ ಸರಿಯುತ್ತೇವೆ.

ನೀವೂ ಈ ನಿಯಮವನ್ನು ಪಾಲಿಸಿ. ಏರಿಯಿಂದ ಕೆಳಗಿಳಿಯಬೇಡಿ. ಗೂಡಿನ ಹತ್ತಿರ ಹೋಗಬೇಡಿ. ಮೊಬೈಲಿನಲ್ಲಿ ಹಕ್ಕಿಯ ಕೂಗನ್ನು ಹಾಕಿ ಅದನ್ನು ಕರೆಯಬೇಡಿ, ತನ್ನ ಜಾಗಕ್ಕೆ ಶತ್ರು ಬಂತೆಂದು ಅದು ಮರಿಗಳನ್ನು ಬಿಟ್ಟು ಜಗಳಕ್ಕೆ ಬರುತ್ತದೆ. ರೈತರ ಹೊಲದಲ್ಲಿ ಹೋಗುವ ಮುನ್ನ ಕೇಳಿ. ತಂದ ಪ್ಲಾಸ್ಟಿಕ್ಕನ್ನು ಮರಳಿ ಒಯ್ಯಿರಿ.

ಮನೆಗೆ ಮರಳಿದ ಮೇಲೆ

ನೋಡಿದ್ದನ್ನು ಬರೆದಿಟ್ಟಾಗಲೇ ಅದು ವಿಜ್ಞಾನವಾಗುತ್ತದೆ. ದಿನಾಂಕ, ಸ್ಥಳ, ಹೊತ್ತು, ಹಕ್ಕಿಯ ಹೆಸರು, ಸಂಖ್ಯೆ, ಏನು ಮಾಡುತ್ತಿತ್ತು, ಇಷ್ಟನ್ನು ಬರೆಯಿರಿ. ಸಲೀಂ ಅಲಿಯವರು 1939-40ರಲ್ಲಿ ಮೈಸೂರು ಸಂಸ್ಥಾನದ ಪಕ್ಷಿಗಳ ಸಮೀಕ್ಷೆ ಮಾಡಿದರು. ಅಂದು ಬರೆದಿಟ್ಟದ್ದರಿಂದ ಇಂದು ಹೋಲಿಸಲು ಸಾಧ್ಯವಾಗಿದೆ. ಬೆಂಗಳೂರಿನಲ್ಲಿ 1972ರಲ್ಲಿ ಡಾ. ಜೋಸೆಫ್ ಜಾರ್ಜ್ ಅವರು ಪಕ್ಷಿವೀಕ್ಷಕರ ಸಂಘವನ್ನು ಆರಂಭಿಸಿದರು. ಇಂದು ನಿಮ್ಮ ಪಟ್ಟಿಯನ್ನು ಇ-ಬರ್ಡ್ ಎಂಬ ಸಾರ್ವಜನಿಕ ಭಂಡಾರಕ್ಕೆ ಸೇರಿಸಬಹುದು. ಫೆಬ್ರವರಿಯಲ್ಲಿ ನಾಲ್ಕು ದಿನ ನಡೆಯುವ ಹಕ್ಕಿಗಳ ಎಣಿಕೆಯಲ್ಲಿ ನಿಮ್ಮ ಶಾಲಾ ಕಾಲೇಜಿನ ಆವರಣವನ್ನೂ ಸೇರಿಸಬಹುದು. ಇಂಥ ಸುಮಾರು 30,000 ವೀಕ್ಷಕರ ಪಟ್ಟಿಗಳಿಂದ 2023ರಲ್ಲಿ ಭಾರತದ ಹಕ್ಕಿಗಳ ಸ್ಥಿತಿಗತಿಯ ವರದಿ ಸಿದ್ಧವಾಯಿತು. ದೀರ್ಘಾವಧಿಯ ಏರಿಳಿತವನ್ನು ಅಳೆಯಲು ಸಾಧ್ಯವಾದ 338 ಪ್ರಭೇದಗಳಲ್ಲಿ ಶೇಕಡಾ 60ರಷ್ಟು ಕಡಿಮೆಯಾಗಿವೆ ಎಂದು ಅದು ಹೇಳಿತು. ಇಳಿಮುಖವಾದವುಗಳಲ್ಲಿ ದೂರದಿಂದ ಬರುವ ನೀರಂಚಿನ ಹಕ್ಕಿಗಳೂ ಇವೆ. ನೀವು ಸಂಜೆ ಕಂಡ ಗದ್ದೆಗೊರವದ ಬಂಧುಗಳು ಅವು.

ಇನ್ನೊಂದು ವಿಷಯವನ್ನು ತರಗತಿಯಲ್ಲಿ ಚರ್ಚಿಸಿ. ಬೆಂಗಳೂರು ಬಳಸಿ ಬಿಟ್ಟ ನೀರನ್ನು ಸಂಸ್ಕರಿಸಿ 2018ರಿಂದ ಕೋಲಾರ ಜಿಲ್ಲೆಯ ಕೆರೆಗಳಿಗೆ ಹರಿಸಲಾಗುತ್ತಿದೆ. ಒಣಗಿದ್ದ ಕೆರೆಗಳಲ್ಲಿ ನೀರು ನಿಂತಿತು, ಬಾವಿಗಳಲ್ಲೂ ನೀರು ಏರಿತೆಂದು ರೈತರು ಸಂತೋಷಪಟ್ಟರು. ಎರಡು ಹಂತದ ಸಂಸ್ಕರಣೆ ಸಾಕೇ, ಮೂರನೆಯದೂ ಬೇಕೇ ಎಂಬ ವಾದ ನ್ಯಾಯಾಲಯದ ಮೆಟ್ಟಿಲನ್ನೂ ಹತ್ತಿತು. ಹಲಸೂರಿನ ಮೀನುಗಳ ಕಥೆಯನ್ನು ಬಲ್ಲ ನೀವು ಈ ಪ್ರಶ್ನೆಯ ಎರಡೂ ಬದಿಯನ್ನು ತೂಗಬಲ್ಲಿರಿ.

ನೀವೇ ಮಾಡಿ ನೋಡಿ

1. ನಿಮ್ಮ ಮನೆಗೆ ಅತಿ ಹತ್ತಿರದ ಕೆರೆ ಯಾವುದು? ಅದರ ಏರಿ, ತೂಬು, ಕೋಡಿ ಎಲ್ಲಿವೆ? ಅದರ ನೀರು ಯಾವ ಕೆರೆಗೆ ಹರಿಯುತ್ತದೆ? ನಕ್ಷೆ ಬರೆಯಿರಿ.

2. ನಿಮ್ಮ ಬಡಾವಣೆಯ ಹೆಸರಿನಲ್ಲಿ ಕೆರೆ, ಕಟ್ಟೆ, ಕುಂಟೆ, ಸಂದ್ರ ಎಂಬ ಪದವಿದೆಯೇ? ಸಂದ್ರವೆಂದರೆ ಸಮುದ್ರ, ದೊಡ್ಡ ಕೆರೆಗೆ ಹಿರಿಯರಿಟ್ಟ ಗೌರವದ ಹೆಸರು. ಆ ನೀರು ಈಗ ಇದೆಯೇ? ಹಿರಿಯರನ್ನು ಕೇಳಿ ಬರೆದುಕೊಳ್ಳಿ.

3. ಒಂದೇ ಕೆರೆಗೆ ತಿಂಗಳಿಗೊಮ್ಮೆ, ಒಂದೇ ಹೊತ್ತಿಗೆ, ವರ್ಷಪೂರ್ತಿ ಹೋಗಿ ಹಕ್ಕಿಗಳನ್ನು ಎಣಿಸಿ. ಯಾವ ತಿಂಗಳು ಯಾರು ಬಂದರು, ಯಾರು ಹೋದರು ಎಂಬ ರೇಖಾಚಿತ್ರ ಬಿಡಿಸಿ.

ಕತ್ತಲು ಕವಿಯುವ ಹೊತ್ತಿಗೆ ಬೆಳ್ಳಕ್ಕಿಗಳು ಸಾಲುಗಟ್ಟಿ ಮರಗಳಿಗೆ ಮರಳುತ್ತವೆ. ನಿಮ್ಮ ಬಸ್ಸೂ ಊರ ಕಡೆ ತಿರುಗುತ್ತದೆ. ಶಾಸನದ ಕೊನೆಯಲ್ಲಿ, ಈ ಧರ್ಮವನ್ನು ಕೆಡಿಸಿದವರಿಗೆ ವಾರಾಣಸಿಯಲ್ಲಿ ಗೋವುಗಳನ್ನು ಕೊಂದ ಪಾಪ ಬರಲೆಂಬ ಶಾಪ ಇರುವುದುಂಟು. ಕಾಯುವವರು ಇಲ್ಲದಾದರೆ ಬರಿಯ ಶಾಪದಿಂದ ಕೆರೆ ಉಳಿಯದೆಂಬುದನ್ನು ನಾವು ಬೆಂಗಳೂರಿನಲ್ಲೇ ಕಂಡಿದ್ದೇವೆ. ಹಿಂದೆ ನೀರುಗಂಟಿ ಇದ್ದ, ಬಿತ್ತುವಟ್ಟದ ಹೊಲವಿತ್ತು. ಇಂದು ತಿಂಗಳಿಗೊಮ್ಮೆ ಪುಸ್ತಕ ಹಿಡಿದು ಕೆರೆಗೆ ಹೋಗಿ ಎಣಿಸುವ ವಿದ್ಯಾರ್ಥಿಯೂ ಒಬ್ಬ ನೀರುಗಂಟಿಯೇ. ನೀರು ಕೆಟ್ಟರೆ, ಅಂಚು ಕಿರಿದಾದರೆ, ಹಕ್ಕಿ ಬಾರದಿದ್ದರೆ ಮೊದಲು ತಿಳಿಯುವುದು ಅವರಿಗೆ.

ನಿಮ್ಮ ಪಟ್ಟಿಗಳನ್ನೂ ನಕ್ಷೆಗಳನ್ನೂ ನಮಗೆ ಕಳುಹಿಸಿ. ಹಕ್ಕಿಗಳನ್ನು ಎಬ್ಬಿಸದೆ ತೆಗೆದ ಚಿತ್ರವಿದ್ದರೆ ಅದನ್ನೂ ಸೇರಿಸಿ.